ಮಾತಿಗೆ ರಾಗ ಕಟ್ಟುವ ಕೆಲಸ: ಸಿ. ಅಶ್ವತ್ಥ್ ಅವರ ಬದುಕಿನಿಂದ ಒಂದು ಪಾಠ



ಕಳೆದ ವರ್ಷ ಛಂದಸ್ಸಿನ ಪಾಠ ಮುಗಿಸಿ ತರಗತಿಯಿಂದ ಹೊರಗೆ ಬರುತ್ತಿದ್ದೆ. ದ್ವಿತೀಯ ಪಿಯುಸಿ ವಿಜ್ಞಾನ ವಿಭಾಗದ ಒಬ್ಬ ಹುಡುಗ ಹಿಂದೆಯೇ ಬಂದು ಕೇಳಿದ: "ಸರ್, ಸಿನಿಮಾಕ್ಕ ಸಂಗೀತ ಮಾಡೋರು ಏನ್ ಓದಿರ್ತಾರ್ರಿ? ಅದರಾಗ ಹೊಟ್ಟಿ ತುಂಬ್ತದೇನ್ರಿ?"

ನಾನು ನಕ್ಕುಬಿಟ್ಟೆ. "ಮೊದಲ ಫಿಜಿಕ್ಸ್ ಪಾಸ್ ಆಗಪ್ಪ, ಆಮ್ಯಾಲ ನೋಡೂಣು" ಎಂದೆ. ಸುತ್ತ ನಿಂತವರೂ ನಕ್ಕರು. ಅವನೂ ನಕ್ಕ. ಪ್ರಥಮ ವರ್ಷದ ಗ್ಯಾದರಿಂಗ್‌ನಲ್ಲಿ ಶರೀಫರ ಪದ ಹಾಡಿ ಚಪ್ಪಾಳೆ ಗಿಟ್ಟಿಸಿದ್ದ ಹುಡುಗ ಅವನು. ಆದರೆ ಆ ವರ್ಷ ಹಾಡುವವರ ಪಟ್ಟಿಯಲ್ಲಿ ಅವನ ಹೆಸರು ಇರಲಿಲ್ಲ. ಕೇಳಿದರೆ, "ಓದೋದು ಭಾಳ ಅದ ಸರ್" ಎಂದ.

ಅವನು ಕೇಳಿದ್ದು ಎರಡು ಪ್ರಶ್ನೆ: ಏನು ಓದಬೇಕು, ಬದುಕು ನಡೆಯುತ್ತದೆಯೇ. ಎರಡೂ ನ್ಯಾಯವಾದ ಪ್ರಶ್ನೆಗಳೇ. ಡಾಕ್ಟರ್, ಎಂಜಿನಿಯರ್ ಆಗುವ ಬಗ್ಗೆ ಕೇಳಿದ್ದರೆ ಕುಳಿತುಕೊಂಡು ಉತ್ತರ ಕೊಡುತ್ತಿದ್ದೆ. ಇದಕ್ಕೆ ಮಾತ್ರ ನಕ್ಕು ಕಳಿಸಿದೆ. ಆ ತಪ್ಪನ್ನು ಸರಿಪಡಿಸಲು ಈ ಪಾಠ ಬರೆಯುತ್ತಿದ್ದೇನೆ. ಒಬ್ಬ ಸಂಗೀತ ನಿರ್ದೇಶಕರ ಬದುಕನ್ನು ಮುಂದಿಟ್ಟುಕೊಂಡು ಎರಡೂ ಪ್ರಶ್ನೆಗಳಿಗೆ ಉತ್ತರ ಹುಡುಕೋಣ.

ಯಾರು ಈ ಅಶ್ವತ್ಥ್?

ಸಿ. ಅಶ್ವತ್ಥ್ ಹುಟ್ಟಿದ್ದು 1939ರ ಡಿಸೆಂಬರ್ 29ರಂದು, ಹಾಸನ ಜಿಲ್ಲೆಯ ಚನ್ನರಾಯಪಟ್ಟಣದಲ್ಲಿ. ಓದಿದ್ದು ವಿಜ್ಞಾನ, ಬಿ.ಎಸ್ಸಿ. ಪದವೀಧರರು. ಹಿಂದೂಸ್ತಾನಿ ಶಾಸ್ತ್ರೀಯ ಸಂಗೀತವನ್ನೂ ಕಲಿತರು. ಆದರೆ ಸಂಬಳಕ್ಕೆ ದುಡಿದದ್ದು ಬೆಂಗಳೂರಿನ ಇಂಡಿಯನ್ ಟೆಲಿಫೋನ್ ಇಂಡಸ್ಟ್ರೀಸ್ ಕಾರ್ಖಾನೆಯಲ್ಲಿ, ಅದೂ ಎರಡು ದಶಕಕ್ಕಿಂತ ಹೆಚ್ಚು ಕಾಲ. ನಾಟಕಗಳಿಗೆ ಸಂಗೀತ, ಕವಿಗಳ ಭಾವಗೀತೆಗಳಿಗೆ ರಾಗ, ಆಮೇಲೆ ಸಿನಿಮಾ, ಇವೆಲ್ಲ ಆ ನೌಕರಿಯ ಜೊತೆಜೊತೆಗೇ ಬೆಳೆದವು.

ಅವರ ವಯಸ್ಸನ್ನು ಲೆಕ್ಕ ಹಾಕಿ ನೋಡಿ. ಸಂಗೀತ ನಿರ್ದೇಶಕರಾಗಿ ಅವರ ಮೊದಲ ಸಿನಿಮಾ 'ಕಾಕನಕೋಟೆ' ಬಂದದ್ದು 1977ರಲ್ಲಿ. ಮಾಸ್ತಿಯವರ ನಾಟಕವನ್ನು ಸಿ. ಆರ್. ಸಿಂಹ ಸಿನಿಮಾ ಮಾಡಿದ್ದರು. ಆಗ ಅಶ್ವತ್ಥ್ ಅವರಿಗೆ 37 ದಾಟಿತ್ತು. 'ಸಂತ ಶಿಶುನಾಳ ಶರೀಫ' 1990ರಲ್ಲಿ ಬಂತು, ಆಗ 50. 'ಮೈಸೂರು ಮಲ್ಲಿಗೆ' 1992, 'ಚಿನ್ನಾರಿ ಮುತ್ತ' 1993, 'ನಾಗಮಂಡಲ' 1997. ಬೆಂಗಳೂರಿನ ಅರಮನೆ ಮೈದಾನದಲ್ಲಿ ಭಾರೀ ಜನಸಾಗರದ ಮುಂದೆ 'ಕನ್ನಡವೇ ಸತ್ಯ' ಕಾರ್ಯಕ್ರಮ ನಡೆದಾಗ, 2005ರಲ್ಲಿ, ಅವರಿಗೆ 65. 2009ರ ಡಿಸೆಂಬರ್ 29ರಂದು, ತಮ್ಮ 70ನೆಯ ಹುಟ್ಟುಹಬ್ಬದ ದಿನವೇ ಅವರು ತೀರಿಕೊಂಡರು.

ಟಿವಿಯ ಹಾಡಿನ ಸ್ಪರ್ಧೆಗಳನ್ನು ನೋಡುವ ನಿಮಗೆ ಹದಿನೆಂಟಕ್ಕೇ ಎಲ್ಲ ಆಗಿಬಿಡಬೇಕು ಅನಿಸುತ್ತದೆ. ಇಲ್ಲಿ ಮೊದಲ ಸಿನಿಮಾ 37ಕ್ಕೆ, ನಾಡಿಗೆಲ್ಲ ಹೆಸರಾದ ಸಿನಿಮಾ 50ಕ್ಕೆ. ನಡುವಿನ ವರ್ಷಗಳು ಹಾಳಾಗಲಿಲ್ಲ. ಆ ವರ್ಷಗಳಲ್ಲಿ ಅವರು ಕವಿತೆ ಓದುತ್ತಿದ್ದರು, ನಾಟಕದವರ ಜೊತೆ ಕೆಲಸ ಮಾಡುತ್ತಿದ್ದರು, ರಾಗ ಕಟ್ಟುತ್ತಿದ್ದರು.

ಸಂಗೀತ ನಿರ್ದೇಶಕನ ಕೆಲಸ ಏನು?

ಹಾಡುವವನೇ ಹಾಡಿನ ಒಡೆಯ ಎಂದು ನಮ್ಮಲ್ಲಿ ಬಹಳ ಜನ ತಿಳಿದಿದ್ದಾರೆ. ಸಿನಿಮಾದಲ್ಲಿ ಹಾಗಲ್ಲ. ಮೊದಲು ನಿರ್ದೇಶಕ ಸನ್ನಿವೇಶ ಹೇಳುತ್ತಾನೆ: ಯಾರು ಹಾಡುತ್ತಾರೆ, ಎಲ್ಲಿ, ಯಾಕೆ. ಆಮೇಲೆ ಎರಡು ದಾರಿ ಇವೆ. ಒಂದು, ಸಂಗೀತ ನಿರ್ದೇಶಕ ಮೊದಲು ಟ್ಯೂನ್ ಕೊಡುತ್ತಾನೆ, ಅದರ ಅಳತೆಗೆ ಕವಿ ಮಾತು ಕೂಡಿಸುತ್ತಾನೆ. ಇನ್ನೊಂದು, ಕವಿತೆ ಮೊದಲೇ ಇರುತ್ತದೆ, ಅದಕ್ಕೆ ರಾಗ ಹುಡುಕಬೇಕು. ಸಿನಿಮಾದಲ್ಲಿ ಮೊದಲನೆಯ ದಾರಿ ಹೆಚ್ಚು. ಅಶ್ವತ್ಥ್ ಹೆಸರಾದದ್ದು ಎರಡನೆಯ ದಾರಿಯಲ್ಲಿ.

ರಾಗ ಕೂತ ಮೇಲೆ ವಾದ್ಯಗಳ ಜೋಡಣೆ. ಪಲ್ಲವಿ ಮತ್ತು ಚರಣದ ನಡುವೆ ಏನು ನುಡಿಯಬೇಕು, ಕೊಳಲೋ ಪಿಟೀಲೋ, ತಬಲಾವೋ ಡೋಲಕ್ಕೋ ಎಂದು ತೀರ್ಮಾನಿಸಬೇಕು. ಅಶ್ವತ್ಥ್ ಕೆಲವು ಸಿನಿಮಾಗಳಿಗೆ ಎಲ್. ವೈದ್ಯನಾಥನ್ ಜೊತೆ ಸೇರಿ 'ಅಶ್ವತ್ಥ್-ವೈದಿ' ಎಂಬ ಜೋಡಿ ಹೆಸರಿನಲ್ಲಿ ಸಂಗೀತ ಕೊಟ್ಟರು. 'ಏನೇ ಬರಲಿ ಪ್ರೀತಿ ಇರಲಿ', 'ನಾರದ ವಿಜಯ', 'ಆಲೆಮನೆ' ಅಂಥವು. ಆಮೇಲೆ ಧ್ವನಿಮುದ್ರಣ. ಕೊನೆಗೆ ಸಿನಿಮಾ ಪೂರ್ತಿ ಸಿದ್ಧವಾದ ಮೇಲೆ ಹಿನ್ನೆಲೆ ಸಂಗೀತ: ಪರದೆಯ ಮೇಲೆ ದೃಶ್ಯ ಓಡುತ್ತಿರುವಾಗ ಸೆಕೆಂಡು ಲೆಕ್ಕ ಹಾಕಿ, ಎಲ್ಲಿ ಸಂಗೀತ ಶುರುವಾಗಬೇಕು, ಎಲ್ಲಿ ನಿಲ್ಲಬೇಕು ಎಂದು ಗುರುತು ಮಾಡಿಕೊಂಡು ನುಡಿಸುವ ಕೆಲಸ. ಎಲ್ಲಿ ಸುಮ್ಮನಿರಬೇಕು ಎಂದು ತಿಳಿಯುವುದು ಇದರಲ್ಲಿ ಅತಿ ಕಷ್ಟದ್ದು.

ಛಂದಸ್ಸು ಕೆಲಸಕ್ಕೆ ಬರುವುದು ಇಲ್ಲಿ

"ಪ್ರಸ್ತಾರ ಹಾಕಿ ಏನ್ ಉಪಯೋಗ ಸರ್?" ಎಂದು ಪ್ರತಿ ವರ್ಷ ಯಾರಾದರೂ ಕೇಳುತ್ತೀರಿ. ಇಗೋ ಉಪಯೋಗ.

ಲಘುವಿಗೆ ಒಂದು ಮಾತ್ರೆ, ಗುರುವಿಗೆ ಎರಡು. ಈಗ ನಮ್ಮ ಸುತ್ತಲಿನ ಊರುಗಳ ಹೆಸರಿಗೆ ಪ್ರಸ್ತಾರ ಹಾಕಿ. 'ಇಂಡಿ': ಒಂದು ಗುರು, ಒಂದು ಲಘು, ಒಟ್ಟು 3. 'ಸಿಂದಗಿ': ಗುರು, ಲಘು, ಲಘು, 4. 'ಮನಗೂಳಿ': ಲಘು, ಲಘು, ಗುರು, ಲಘು, 5. 'ಬಾಗೇವಾಡಿ': ಮೂರು ಗುರು, ಒಂದು ಲಘು, 7.

ಇದನ್ನೇ ತಬಲಾದವರ ಹತ್ತಿರ ಒಯ್ಯಿರಿ. ದಾದ್ರಾ ತಾಳಕ್ಕೆ 6 ಮಾತ್ರೆ, ಮೂರು ಮೂರರ ಎರಡು ಭಾಗ. 'ಇಂಡಿ ಇಂಡಿ' ಎಂದು ಎರಡು ಸಲ ಹೇಳಿದರೆ ಒಂದು ಸುತ್ತು ಮುಗಿಯುತ್ತದೆ. ಕೆಹರ್ವಾಕ್ಕೆ 8 ಮಾತ್ರೆ. 'ಸಿಂದಗಿ ಸಿಂದಗಿ' ಸರಿಯಾಗಿ ಕೂರುತ್ತದೆ. ಝಪ್‌ತಾಲಕ್ಕೆ 10 ಮಾತ್ರೆ, ಅದರ ಭಾಗಗಳು 2, 3, 2, 3. ನಮ್ಮೂರಿನ ಹೆಸರನ್ನು ಒಡೆದು ನೋಡಿ: 'ಮನ' ಎರಡು, 'ಗೂಳಿ' ಮೂರು. ಎರಡು ಸಲ ಹೇಳಿದರೆ ಝಪ್‌ತಾಲ! ಬೆಂಚು ಬಡಿದು ನೋಡಿ. ಇದೊಂದು ಸಲ ನಾನು ಬೈಯುವುದಿಲ್ಲ.

ಇನ್ನು 'ಬಾಗೇವಾಡಿ'. ರೂಪಕ ತಾಳಕ್ಕೂ 7 ಮಾತ್ರೆ, ಹಾಗಾಗಿ ಲೆಕ್ಕ ಸರಿಹೋಯಿತು ಎನ್ನಬೇಡಿ. ರೂಪಕದ ಭಾಗಗಳು 3, 2, 2. ಹೆಸರಿನ ನಡೆ 2, 2, 2, 1. ಒಟ್ಟು ಒಂದೇ, ಆದರೆ ತಾಳದ ಪೆಟ್ಟು ಒಂದು ಕಡೆ, ಮಾತಿನ ಒತ್ತು ಇನ್ನೊಂದು ಕಡೆ ಬೀಳುತ್ತದೆ. ಸಂಗೀತ ನಿರ್ದೇಶಕನ ಬುದ್ಧಿ ಬೇಕಾಗುವುದು ಇಂಥ ಜಾಗದಲ್ಲಿ. ಒಂದು ಅಕ್ಷರವನ್ನು ಸ್ವಲ್ಪ ಎಳೆಯಬೇಕು, ಅಥವಾ ಅರ್ಧ ಮಾತ್ರೆ ತಡೆದು ಶುರುಮಾಡಬೇಕು, ಅಥವಾ ಬೇರೆ ತಾಳವನ್ನೇ ಹುಡುಕಬೇಕು. ಎಲ್ಲೆಂದರಲ್ಲಿ ಎಳೆದರೆ ಮಾತು ಕೆಟ್ಟು ಕೇಳುವವನಿಗೆ ಅರ್ಥವೇ ಆಗುವುದಿಲ್ಲ.

ಅಶ್ವತ್ಥ್ ಅವರ ಹಾಡುಗಳನ್ನು ಕೇಳುವಾಗ ಒಂದು ಪ್ರಯೋಗ ಮಾಡಿ. ಪುಸ್ತಕ ಮುಚ್ಚಿಟ್ಟು, ಕೇಳುತ್ತಾ ಸಾಹಿತ್ಯ ಬರೆದುಕೊಳ್ಳಿ. ಬಹುತೇಕ ತಪ್ಪಿಲ್ಲದೆ ಬರೆಯುತ್ತೀರಿ. ವಾದ್ಯಗಳು ಮಾತಿನ ಮೇಲೆ ಬೀಳದೆ ಮಾತಿಗೆ ದಾರಿ ಬಿಟ್ಟಿರುತ್ತವೆ. ಎತ್ತರದ ಸ್ವರ ಬರುವುದು ಭಾವ ಎತ್ತರಕ್ಕೆ ಹೋದ ಕಡೆ. ಇದು ಕವಿತೆಯನ್ನು ಮೊದಲು ಓದಿ, ಅರ್ಥ ಮಾಡಿಕೊಂಡು, ಆಮೇಲೆ ಹಾರ್ಮೋನಿಯಂ ಮುಟ್ಟಿದವರ ಗುಣ ಎಂದು ನನ್ನ ಅನಿಸಿಕೆ. ಕೆ. ಎಸ್. ನರಸಿಂಹಸ್ವಾಮಿಯವರ 'ಮೈಸೂರ ಮಲ್ಲಿಗೆ' ಸಂಕಲನ 1942ರಲ್ಲಿ ಬಂದದ್ದು. ಐವತ್ತು ವರ್ಷದ ಮೇಲೆ ಟಿ. ಎಸ್. ನಾಗಾಭರಣ ಅದನ್ನು ಆಧರಿಸಿ ಸಿನಿಮಾ ಮಾಡಿ, ಅಶ್ವತ್ಥ್ ಸಂಗೀತ ಕೊಟ್ಟಾಗ, ಗೀತರಚನೆಯ ರಾಷ್ಟ್ರಪ್ರಶಸ್ತಿ ಕವಿಗೆ ಬಂತು. ಹಳೆಯ ಕವಿತೆಯ ಮಾತು ಪರದೆಯ ಮೇಲೂ ಅಷ್ಟು ಸ್ಪಷ್ಟವಾಗಿ ಕೇಳಿಸಿತ್ತು.

ಶರೀಫರ ಪದ ಪರದೆಗೆ ಬಂದದ್ದು

ಶಿಶುನಾಳ ಶರೀಫರು (1819–1889) ಇಂದಿನ ಹಾವೇರಿ ಜಿಲ್ಲೆಯ ಶಿಗ್ಗಾವಿ ತಾಲೂಕಿನವರು. ತಂದೆ ಇಮಾಮ್ ಸಾಹೇಬರು. ಕೆಲಕಾಲ ಶಾಲೆಯಲ್ಲಿ ಮಾಸ್ತರರಾಗಿದ್ದರು. ಗುರುಗಳು ಕಳಸದ ಗೋವಿಂದ ಭಟ್ಟರು. ಶರೀಫರ ಪದಗಳು ಬಹುಕಾಲ ಬದುಕಿದ್ದು ಜನರ ಬಾಯಲ್ಲಿ: ಭಜನೆಯವರ ಏಕತಾರಿ, ದಮ್ಮಡಿಗಳ ಜೊತೆ. ನಮ್ಮ ಹಳ್ಳಿಗಳಲ್ಲಿ ಮೊಹರಂ ದಿನ ಅಲಾವಿ ಸುತ್ತ ಹೆಜ್ಜೆ ಹಾಕುತ್ತಾ ಹಾಡುವ ರಿವಾಯತ್ ಪದಗಳಂತೆ, ಇವುಗಳಿಗೂ ರಾಗ ಬರೆದಿಟ್ಟ ಪುಸ್ತಕ ಇರಲಿಲ್ಲ. ಒಂದೊಂದು ಊರಿನಲ್ಲಿ ಒಂದೊಂದು ಧಾಟಿ.

ಕವಿ ಎನ್. ಎಸ್. ಲಕ್ಷ್ಮೀನಾರಾಯಣ ಭಟ್ಟರು ಈ ಪದಗಳನ್ನು ಓದುಗರಿಗೆ, ಕೇಳುಗರಿಗೆ ಮುಟ್ಟಿಸಲು ಎಷ್ಟು ಶ್ರಮಪಟ್ಟರೆಂದರೆ ಅವರನ್ನು 'ಶರೀಫ ಭಟ್ಟ' ಎಂದೇ ಕರೆದರು. ಅಶ್ವತ್ಥ್ ರಾಗ ಕಟ್ಟಿ ಹಾಡಿದ ಶರೀಫರ ಪದಗಳು ಕ್ಯಾಸೆಟ್ ಕಾಲದಲ್ಲಿ ಮನೆಮನೆ ಸೇರಿದವು. 1990ರಲ್ಲಿ ನಾಗಾಭರಣ ನಿರ್ದೇಶನದ ಸಿನಿಮಾ ಬಂತು. ಶರೀಫರಾಗಿ ಶ್ರೀಧರ್, ಗೋವಿಂದ ಭಟ್ಟರಾಗಿ ಗಿರೀಶ್ ಕಾರ್ನಾಡ್. ರಾಷ್ಟ್ರೀಯ ಭಾವೈಕ್ಯ ಸಾರುವ ಅತ್ಯುತ್ತಮ ಚಿತ್ರಕ್ಕೆ ಕೊಡುವ ನರ್ಗಿಸ್ ದತ್ ಪ್ರಶಸ್ತಿ ಅದಕ್ಕೆ ದೊರೆಯಿತು.

ಇಲ್ಲಿ ಸಂಗೀತ ನಿರ್ದೇಶಕನಿಗೆ ಎದುರಾಗುವ ತೊಡಕು ನೋಡಿ. ಭಜನೆಯ ಧಾಟಿಯನ್ನು ಹಾಗೇ ಇಟ್ಟರೆ ಸಿನಿಮಾ ಮಂದಿರದಲ್ಲಿ ಎಲ್ಲರಿಗೂ ಹಿಡಿಸಲಿಕ್ಕಿಲ್ಲ. ಪೂರ್ತಿ ಬದಲಿಸಿದರೆ, "ಇದು ನಮ್ಮ ಶರೀಫಜ್ಜನ ಪದ ಅಲ್ಲ" ಎಂದು ಹಳ್ಳಿಯ ಹಿರಿಯರು ಹೇಳುತ್ತಾರೆ. ಅಶ್ವತ್ಥ್ ಹಾಸನದ ಕಡೆಯವರು. ಪದಗಳ ಭಾಷೆ ನಮ್ಮದು, ಉತ್ತರ ಕರ್ನಾಟಕದ್ದು. ಆದರೂ ಅವರ ಹಾಡಿನಲ್ಲಿ ಈ ಭಾಷೆಯ ಗತ್ತು ಉಳಿಯಿತು. 1997ರ 'ನಾಗಮಂಡಲ'ದಲ್ಲಿ ಗೋಪಾಲ ವಾಜಪೇಯಿಯವರು ನಮ್ಮ ಕಡೆಯ ಮಾತಿನಲ್ಲೇ ಹಾಡು ಬರೆದರು. ಅದಕ್ಕೂ ಅಶ್ವತ್ಥ್ ಅವರದೇ ಸಂಗೀತ. ಬೇರೆ ಸೀಮೆಯವರು ನಮ್ಮ ಮಾತನ್ನು ಇಷ್ಟು ಗೌರವದಿಂದ ಕೇಳಿಸಿಕೊಂಡರೆ, ಅದರೊಳಗೇ ಹುಟ್ಟಿದ ನೀವು ಭಾಷಣ ಸ್ಪರ್ಧೆಯಲ್ಲಿ ಅದನ್ನು ಮುಚ್ಚಿಡಲು ಪಡುವ ಪಾಡು ನೋಡಿ ನನಗೆ ಬೇಸರವಾಗುತ್ತದೆ.

ಮಾತಿಲ್ಲದ ಸಿನಿಮಾ, ಟಿವಿಯ ಹಾಡು

ಮಾತಿಗೆ ರಾಗ ಕಟ್ಟುವುದು ಒಂದು ಬಗೆ. ಮಾತೇ ಇಲ್ಲದಾಗ? ಅಶ್ವತ್ಥ್ ಅವರ ಜೊತೆಗಾರ ಎಲ್. ವೈದ್ಯನಾಥನ್ ಇದಕ್ಕೆ ಉದಾಹರಣೆ. ಪಿಟೀಲು ವಿದ್ವಾಂಸರ ಮನೆತನದವರು, ಎಲ್. ಸುಬ್ರಹ್ಮಣ್ಯಂ, ಎಲ್. ಶಂಕರ್ ಅವರ ಅಣ್ಣ. ಸಿಂಗೀತಂ ಶ್ರೀನಿವಾಸರಾವ್ ಅವರ 'ಪುಷ್ಪಕ ವಿಮಾನ' (1987) ಬೆಂಗಳೂರಿನಲ್ಲಿ ತಯಾರಾದ, ಸಂಭಾಷಣೆಯೇ ಇಲ್ಲದ ಸಿನಿಮಾ. ಅದರ ಸಂಗೀತ ವೈದ್ಯನಾಥನ್ ಅವರದು. ಪಾತ್ರಗಳು ಬಾಯಿ ತೆರೆಯದಿದ್ದಾಗ ನಗು, ಆಸೆ, ಹೆದರಿಕೆ ಎಲ್ಲದರಲ್ಲೂ ಸಂಗೀತ ಪಾಲು ಹೊರಬೇಕು. ಆದರೆ ಒಂದು ಗೆರೆ ದಾಟಿದರೆ ನೋಡುವವನಿಗೆ ಕಿರಿಕಿರಿ.

ಶಂಕರ್ ನಾಗ್ ದೂರದರ್ಶನಕ್ಕೆ ಮಾಡಿದ 'ಮಾಲ್ಗುಡಿ ಡೇಸ್' ಧಾರಾವಾಹಿಯ ಸಂಗೀತವೂ ವೈದ್ಯನಾಥನ್ ಅವರದೇ. ಚಿತ್ರೀಕರಣ ನಡೆದದ್ದು ಆಗುಂಬೆಯಲ್ಲಿ. ಅದರ ಆರಂಭದ ಸಂಗೀತವನ್ನು ನಿಮ್ಮ ಅಪ್ಪ ಅಮ್ಮನ ಮುಂದೆ ಮೊಬೈಲಿನಲ್ಲಿ ಹಾಕಿ ನೋಡಿ. ಮುಖ ಅರಳದಿದ್ದರೆ ಕೇಳಿ. ಓಣಿಗೆ ಒಂದು ಟಿವಿ ಇದ್ದ ಕಾಲ ಅದು. ಆ ಧ್ವನಿ ಕಿವಿಗೆ ಬಿದ್ದರೆ ಆಟ ಬಿಟ್ಟು ಮಕ್ಕಳು ಓಡುತ್ತಿದ್ದರು.

ಟಿವಿ ಸಂಗೀತದ ನಿಯಮ ಇಲ್ಲೇ ಇದೆ. ಸಿನಿಮಾ ನೋಡುವವನು ಕತ್ತಲಲ್ಲಿ ಕೂತಿರುತ್ತಾನೆ, ಅವನ ಗಮನ ಪೂರ್ತಿ ನಮ್ಮದು. ಟಿವಿ ನೋಡುವವರು ರೊಟ್ಟಿ ಬಡಿಯುತ್ತಿರುತ್ತಾರೆ, ಮಗುವನ್ನು ಮಲಗಿಸುತ್ತಿರುತ್ತಾರೆ. ಶೀರ್ಷಿಕೆ ಗೀತೆ ಚಿಕ್ಕದಾಗಿರಬೇಕು, ಅಡುಗೆಮನೆಯಲ್ಲಿದ್ದವರಿಗೂ ಗುರುತು ಸಿಗಬೇಕು, ನೂರಾರು ಸಲ ಕೇಳಿದರೂ ಬೇಸರ ಆಗಬಾರದು. ಟಿ. ಎನ್. ಸೀತಾರಾಂ ಅವರ 'ಮಾಯಾಮೃಗ' ಧಾರಾವಾಹಿಯ ಶೀರ್ಷಿಕೆ ಗೀತೆಯನ್ನು ಎಚ್. ಎಸ್. ವೆಂಕಟೇಶಮೂರ್ತಿ ಬರೆದರು, ಅಶ್ವತ್ಥ್ ಸಂಗೀತ ಕೊಟ್ಟರು. ಕಥೆಯ ವಿವರ ಮರೆತವರೂ ಆ ಹಾಡು ಮರೆತಿಲ್ಲ.

ಒಂದೇ ಕವಿತೆ, ಎರಡು ರಾಗ

ಪ್ರತಿ ಬೆಳಿಗ್ಗೆ ಪ್ರಾರ್ಥನೆಯಲ್ಲಿ ನಾವು ನಾಡಗೀತೆ ಹಾಡುತ್ತೇವೆ. ಕುವೆಂಪು ಅವರ ಈ ಕವಿತೆಯನ್ನು ಸರ್ಕಾರ ನಾಡಗೀತೆಯೆಂದು ಘೋಷಿಸಿದ್ದು 2004ರಲ್ಲಿ. ಆದರೆ ಯಾವ ಧಾಟಿಯಲ್ಲಿ ಹಾಡಬೇಕು ಎಂಬುದು ಬಹಳ ವರ್ಷ ತೀರ್ಮಾನವಾಗಲಿಲ್ಲ. ಮೈಸೂರು ಅನಂತಸ್ವಾಮಿಯವರದು ಒಂದು ಧಾಟಿ, ಅಶ್ವತ್ಥ್ ಅವರದು ಇನ್ನೊಂದು. ಎರಡಕ್ಕೂ ಅಭಿಮಾನಿಗಳಿದ್ದರು. ಕೊನೆಗೆ 2022ರ ಸೆಪ್ಟೆಂಬರ್‌ನಲ್ಲಿ ಸರ್ಕಾರ ಅನಂತಸ್ವಾಮಿಯವರ ಧಾಟಿಯನ್ನು ಒಪ್ಪಿ, ಆಲಾಪ, ಪುನರಾವರ್ತನೆ ಇಲ್ಲದೆ 2 ನಿಮಿಷ 30 ಸೆಕೆಂಡಿನಲ್ಲಿ ಹಾಡಬೇಕೆಂದು ಆದೇಶ ಮಾಡಿತು.

ಇದರಿಂದ ಎರಡು ವಿಷಯ ಕಲಿಯಬಹುದು. ಒಂದು, ಒಂದು ಕವಿತೆಗೆ ಒಂದೇ ಸರಿಯಾದ ರಾಗ ಎಂಬುದಿಲ್ಲ. ಇಬ್ಬರು ಒಳ್ಳೆಯ ಓದುಗರು ಎರಡು ರೀತಿ ಓದಿದರೆ ಎರಡು ಒಳ್ಳೆಯ ಹಾಡುಗಳಾಗುತ್ತವೆ. ಎರಡು, ಎಷ್ಟು ದೊಡ್ಡವರ ಕೆಲಸವಾದರೂ ಕೆಲವೊಮ್ಮೆ ಆಯ್ಕೆಯಾಗುವುದಿಲ್ಲ. ಆಯ್ಕೆಯಾಗದ್ದು ಕೆಟ್ಟದ್ದು ಎಂದು ಅರ್ಥವಲ್ಲ. ಪರೀಕ್ಷೆಯ ಫಲಿತಾಂಶದ ದಿನ ಇದನ್ನು ನೆನಪಿಟ್ಟುಕೊಳ್ಳಿ.

ಹೊಟ್ಟೆಪಾಡಿನ ಪ್ರಶ್ನೆ

ಈಗ ಆ ಹುಡುಗನ ಎರಡನೆಯ ಪ್ರಶ್ನೆ. ನೇರವಾಗಿ ಹೇಳುತ್ತೇನೆ: ಶುರುವಿನಲ್ಲಿ ಸಂಗೀತ ಒಂದರಿಂದಲೇ ಮನೆ ನಡೆಸುವುದು ಕಷ್ಟ. ಅಶ್ವತ್ಥ್ ನೌಕರಿ ಬಿಡದೆ ಸಂಗೀತ ಮಾಡಿದರು. ಅದು ಅಳುಕಿನ ದಾರಿಯಲ್ಲ, ಲೆಕ್ಕದ ದಾರಿ. ತಿಂಗಳ ಸಂಬಳ ಬರುತ್ತಿದ್ದರೆ ಇಷ್ಟವಿಲ್ಲದ ಕೆಲಸಕ್ಕೆ 'ಒಲ್ಲೆ' ಎನ್ನುವ ಧೈರ್ಯ ಇರುತ್ತದೆ.

ಕಾನೂನೂ ಗೊತ್ತಿರಲಿ. ಮೊದಲು ಸಂಗೀತ ನಿರ್ದೇಶಕನಿಗೆ, ಕವಿಗೆ ಒಂದು ಸಲ ಹಣ ಕೊಟ್ಟು ಹಕ್ಕನ್ನೆಲ್ಲ ಬರೆಸಿಕೊಳ್ಳುವುದು ರೂಢಿಯಾಗಿತ್ತು. 2012ರಲ್ಲಿ ಹಕ್ಕುಸ್ವಾಮ್ಯ ಕಾಯ್ದೆಗೆ ತಿದ್ದುಪಡಿ ಬಂತು. ಸಿನಿಮಾ ಮಂದಿರದ ಹೊರಗೆ, ಅಂದರೆ ರೇಡಿಯೊ, ಟಿವಿ ಮುಂತಾದ ಕಡೆ ಹಾಡು ಬಳಸಿದಾಗ ಬರುವ ಗೌರವಧನದಲ್ಲಿ ಕವಿ ಮತ್ತು ಸಂಗೀತ ನಿರ್ದೇಶಕರಿಗೆ ಪಾಲು ಇದೆ, ಅದನ್ನು ನಿರ್ಮಾಪಕರಿಗೆ ಬಿಟ್ಟುಕೊಡುವಂತಿಲ್ಲ. ಕೃತಿಕಾರ ತೀರಿಕೊಂಡ ಮೇಲೂ 60 ವರ್ಷ ಹಕ್ಕು ಅವನ ವಾರಸುದಾರರಿಗೆ ಇರುತ್ತದೆ. ಆದ್ದರಿಂದ ಕಾಗದ ಓದದೆ ಸಹಿ ಹಾಕಬೇಡಿ. ವಾಣಿಜ್ಯ ವಿಭಾಗದವರೇ, ಇಲ್ಲಿ ನಿಮಗೂ ಕೆಲಸ ಇದೆ.

ಕಲಿಯುವ ದಾರಿಗಳು ಹತ್ತಿರದಲ್ಲೇ ಇವೆ. ಗದಗದ ವೀರೇಶ್ವರ ಪುಣ್ಯಾಶ್ರಮ ಎಷ್ಟೋ ಅಂಧ, ಬಡ ಮಕ್ಕಳಿಗೆ ಸಂಗೀತ ಕಲಿಸಿ ಬದುಕು ಕೊಟ್ಟಿದೆ. ಧಾರವಾಡದಲ್ಲಿ ಕರ್ನಾಟಕ ವಿಶ್ವವಿದ್ಯಾಲಯದ ಸಂಗೀತ ಮಹಾವಿದ್ಯಾಲಯ, ಮೈಸೂರಿನಲ್ಲಿ ಗಂಗೂಬಾಯಿ ಹಾನಗಲ್ ಹೆಸರಿನ ಸಂಗೀತ ವಿಶ್ವವಿದ್ಯಾಲಯ ಇವೆ. ಭೌತಶಾಸ್ತ್ರದ ಧ್ವನಿ ಪಾಠ ಇಷ್ಟಪಡುವವರಿಗೆ ಹೆಸರಘಟ್ಟದ ಸರ್ಕಾರಿ ಚಲನಚಿತ್ರ ಮತ್ತು ದೂರದರ್ಶನ ಸಂಸ್ಥೆಯಲ್ಲಿ ಧ್ವನಿಗ್ರಹಣದ ಡಿಪ್ಲೊಮಾ ಇದೆ. ಅಲ್ಲಿಗೆ ಹೋಗಲು ಫಿಜಿಕ್ಸ್ ಬೇಕು. ನಾನು ಅಂದು ನಗೆಯಾಡಿ ಹೇಳಿದ್ದನ್ನು ಹೀಗೆ ಬಿಡಿಸಿ ಹೇಳಬೇಕಿತ್ತು.

ಸಂಗೀತದ ಬಗ್ಗೆ ನಮ್ಮ ಮನೆಗಳಲ್ಲಿ ಹಿರಿಯರ ಅಭಿಪ್ರಾಯ ಒಂದೇ ರೀತಿ ಇಲ್ಲ ಎಂದು ನನಗೆ ಗೊತ್ತು. ಆ ಚರ್ಚೆ ಈ ಪಾಠದ್ದಲ್ಲ. ಮನೆಯಲ್ಲಿ ಮುಚ್ಚಿಟ್ಟು ಏನನ್ನೂ ಮಾಡಬೇಡಿ. ಅಬ್ಬಾ ಅಮ್ಮಿಯ ಜೊತೆ ಕೂತು ಮಾತಾಡಿ, ಅವರ ಮಾತನ್ನೂ ಕೇಳಿ. ಬೇಕಾದರೆ ನಾನೂ ಬಂದು ಮಾತಾಡುತ್ತೇನೆ.

ಕೊನೆಯ ಮಾತು

ಈ ಪಾಠ ಬರೆಯುವ ಮೊದಲು ಆ ಹುಡುಗನನ್ನು ಕರೆಸಿ, ಅಂದು ನಕ್ಕಿದ್ದು ತಪ್ಪಾಯಿತು ಎಂದೆ. ಈಗ ಅವನು ವಿಜಯಪುರದಲ್ಲಿ ಬಿ.ಎಸ್ಸಿ. ಓದುತ್ತಿದ್ದಾನೆ. "ಇರ್ಲಿ ಬಿಡ್ರಿ ಸರ್" ಎಂದ. ನಾನು 'ಮನಗೂಳಿ'ಯ ಲೆಕ್ಕ ತೋರಿಸಿದೆ. ಎರಡು ಬೆರಳಿನಿಂದ ಮೇಜು ಬಡಿದು ನೋಡಿ, "ಬಾಗೇವಾಡಿ ಮೊದಲ ಅಕ್ಷರ ಎಳದ್ರ ಕೂಡ್ತದ ಸರ್" ಎಂದು ಹಾಡಿಯೇ ತೋರಿಸಿದ. ನಾನು ಅರ್ಧ ಗಂಟೆ ತಲೆ ಕೆಡಿಸಿಕೊಂಡಿದ್ದ ಲೆಕ್ಕ ಅದು.

ಅವನು ಸಂಗೀತ ನಿರ್ದೇಶಕ ಆಗುತ್ತಾನೋ ಇಲ್ಲವೋ, ಈ ಸಲದ ಗ್ಯಾದರಿಂಗ್‌ಗೆ ಹಳೆಯ ವಿದ್ಯಾರ್ಥಿಯಾಗಿ ಬಂದು ಹಾಡಲು ಒಪ್ಪಿದ್ದಾನೆ.

ಮಾಡಿ ನೋಡಿ

1. ನಿಮ್ಮ ಊರಿನ ಮತ್ತು ನಿಮ್ಮ ಹೆಸರಿಗೆ ಪ್ರಸ್ತಾರ ಹಾಕಿ. ದಾದ್ರಾ, ಕೆಹರ್ವಾ, ಝಪ್‌ತಾಲ, ಯಾವುದಕ್ಕೆ ಕೂರುತ್ತದೆ?

2. 'ಮುದ್ದೇಬಿಹಾಳ' ಎಷ್ಟು ಮಾತ್ರೆ? ಕೆಹರ್ವಾದಲ್ಲಿ ಹೇಳಿದರೆ ಎರಡನೆಯ ಪೆಟ್ಟು ಯಾವ ಅಕ್ಷರದ ಮೇಲೆ ಬೀಳುತ್ತದೆ?

3. ಪಠ್ಯದ ಒಂದು ಕವಿತೆಯನ್ನು ಆರಿಸಿ, ಎಲ್ಲಿ ನಿಲ್ಲಬೇಕು, ಎಲ್ಲಿ ಧ್ವನಿ ಏರಿಸಬೇಕು ಎಂದು ಗುರುತು ಹಾಕಿ. ಹಾಗೆ ಯಾಕೆ ಎಂದು ಐದು ಸಾಲು ಬರೆಯಿರಿ.

4. ನಿಮ್ಮ ಊರಿನ ಹಿರಿಯರಿಂದ ಒಂದು ರಿವಾಯತ್ ಪದ, ಬೀಸುವ ಪದ ಅಥವಾ ಭಜನೆ ಪದ ಕೇಳಿ ಬರೆದುಕೊಳ್ಳಿ. ಅವರು ಅದನ್ನು ಯಾರಿಂದ ಕಲಿತರು ಎಂದೂ ಕೇಳಿ ಬರೆಯಿರಿ. ಒಳ್ಳೆಯದನ್ನು ಮುಂದಿನ ಸಂಚಿಕೆಯಲ್ಲಿ ಹಾಕೋಣ.